ಗುಬ್ಬಿಗೊಂದು ಬಾಗಿಲು

ಮಗಳ ಎದೆಯೊಳಗೆ ಕಾಲಿಡುವ ಮುನ್ನ ಹುಚ್ಚೇಶ ಚಪ್ಪಲಿ ಬಿಟ್ಟ.

ಬಿಡಬೇಕೆಂದು ಯಾರೂ ಹೇಳಿರಲಿಲ್ಲ. ಹುಬ್ಬಳ್ಳಿಯ ಎದೆಗೂಡು ಕೇಂದ್ರದಲ್ಲಿ ಡಾಕ್ಟರುಗಳಿಂದ ಹಿಡಿದು ಕಸ ಗುಡಿಸುವವರ ತನಕ ಎಲ್ಲರೂ ಬೂಟುಗಾಲಿನಲ್ಲೇ ಆ ಕೋಣೆಗೆ ಹೋಗಿ ಬರುತ್ತಿದ್ದರು. ಆದರೆ ಹೊಸ್ತಿಲಿಗೆ ಬಂದಾಗ ಅವನ ಕಾಲು ತಾನಾಗಿಯೇ ನಿಂತಿತು. ಒಳಗೆ ಕತ್ತಲೆ, ಕತ್ತಲೆಯ ನಡುವೆ ಹೊಂಬಣ್ಣದ ಬೆಳಕಿನಲ್ಲಿ ಕಟ್ಟಿದ ಒಂದು ಮನೆ. ಎರಡೂ ಬದಿಯಿಂದ ತೊಲೆಗಳು ಬಾಗಿ ಮೇಲಕ್ಕೆದ್ದಿದ್ದವು. ಆ ಮನೆ ಮೆಲ್ಲಗೆ ಹಿಗ್ಗುತ್ತಿತ್ತು, ಮೆಲ್ಲಗೆ ಕುಗ್ಗುತ್ತಿತ್ತು.

"ಬರ್ರಿ ಹುಚ್ಚೇಶಪ್ಪಾ, ಅಂಜಬ್ಯಾಡ್ರಿ. ಇದು ಬರೇ ಬೆಳಕು," ಎಂದರು ಡಾಕ್ಟರ್ ವಾರಿಜಾ ಕುಂದಗೋಳ.

"ಬೆಳಕಾದ್ರೂ ನಮ್ಮ ಶಾಕೂಂದ ಅಲ್ಲೇನ್ರಿ ಅಕ್ಕಾರ," ಎಂದು ಹುಚ್ಚೇಶ ಬರಿಗಾಲಲ್ಲಿ ಒಳಗೆ ಬಂದ.

ಪಕ್ಕದ ಕೋಣೆಯಲ್ಲಿ ಮೂರು ವರ್ಷದ ಶಾಕಾಂಬರಿ ತಾಯಿ ಕಸ್ತೂರಿಯ ತೊಡೆಯ ಮೇಲೆ ಮಲಗಿದ್ದಳು. ಗುಳೇದಗುಡ್ಡದಿಂದ ಬರುವ ಬಸ್ಸಿನ ಕುಲುಕಾಟಕ್ಕೆ ನಿದ್ದೆ ಹೋದವಳು ಇನ್ನೂ ಎದ್ದಿರಲಿಲ್ಲ. ಅವಳ ಸುತ್ತ ಬಳೆಯಂಥ ಯಂತ್ರವೊಂದು ಸದ್ದಿಲ್ಲದೆ ತಿರುಗುತ್ತ, ಎದೆಯೊಳಗಿನದನ್ನೆಲ್ಲ ನೋಡಿ, ಇಲ್ಲಿ ಮನೆಯಷ್ಟು ದೊಡ್ಡದು ಮಾಡಿ ತೋರಿಸುತ್ತಿತ್ತು. ಕೇಂದ್ರದವರು ಈ ಕೋಣೆಗೆ ಎದೆಮನೆ ಎಂದೇ ಹೆಸರಿಟ್ಟಿದ್ದರು. ಇಲ್ಲಿ ನಿಂತರೆ ಪಕ್ಕೆಲುಬುಗಳು ತಲೆಯ ಮೇಲಿನ ತೊಲೆಗಳು. ಪುಪ್ಪುಸಗಳು ಎಡಬಲದ ಕೋಣೆಗಳು. ನಡುವೆ ತೂಗಿದ ಗುಂಡಿಗೆ ಒಂದು ಕಣಜದಷ್ಟು ದೊಡ್ಡದು.

ಮತ್ತು ಮುಂಭಾಗದಲ್ಲಿ, ಎರಡೂ ಬದಿಯ ಎಲುಬುಗಳು ಬಂದು ಸೇರಬೇಕಾದ ಕಡೆ, ಎದೆಯ ನಡುಮೂಳೆ ಇರಬೇಕಾದ ಕಡೆ, ಏನೂ ಇರಲಿಲ್ಲ. ಮನೆ ಕಟ್ಟಿದವರು ಬಾಗಿಲಿಗೆಂದು ಜಾಗ ಬಿಟ್ಟು ಬಾಗಿಲು ಕೂರಿಸುವುದನ್ನೇ ಮರೆತುಬಿಟ್ಟಂತಿತ್ತು. ಹುಚ್ಚೇಶ ಆ ಸಂದಿನ ಮುಂದೆ ಹೋಗಿ ನಿಂತುಕೊಂಡ.

ಆ ಸಂದು ಅವನಿಗೆ ಹೊಸದಲ್ಲ. ಮಗಳು ಹುಟ್ಟಿದ ದಿನವೇ ನೋಡಿದ್ದ. ತೊಳೆದು ಬಟ್ಟೆಯಲ್ಲಿ ಸುತ್ತಿ ಕೈಗೆ ಕೊಟ್ಟ ಕೂಸಿನ ಎದೆಯ ನಡುವೆ, ತೆಳ್ಳನೆಯ ಚರ್ಮದಡಿ, ಏನೋ ಒಂದು ಪುಟ್ಟ ಜೀವ ಕುಪ್ಪಳಿಸುತ್ತಿತ್ತು. ಅದು ಅವಳ ಗುಂಡಿಗೆ ಎಂದು ಆಮೇಲೆ ಗೊತ್ತಾಯಿತು. ಲಕ್ಷ ಕೂಸುಗಳಲ್ಲಿ ಒಂದಕ್ಕೆ ಹೀಗಾಗುತ್ತದಂತೆ. ಹೊಟ್ಟೆಯಲ್ಲಿರುವಾಗ ನಡುಮೂಳೆಯ ಎರಡು ಹೋಳುಗಳು ಬಂದು ಕೂಡಬೇಕು, ಕೂಡುವುದಿಲ್ಲ. ಹುಟ್ಟಿದ ಮೊದಲ ವಾರಗಳಲ್ಲೇ ಆದರೆ ಎರಡೂ ಬದಿ ಎಳೆದು ಹೊಲಿಯಬಹುದಿತ್ತು. ಆದರೆ ಆಗ ಶಾಕುವಿಗೆ ನ್ಯುಮೋನಿಯಾ ಹಿಡಿದು, ಬದುಕಿದ್ದೇ ಹೆಚ್ಚು ಎನ್ನುವಂತಾಯಿತು. ಅವಳು ಚೇತರಿಸಿಕೊಳ್ಳುವಷ್ಟರಲ್ಲಿ ಎಲುಬು ಬಿಗಿದಿತ್ತು. ಈಗ ಎಳೆದು ಹೊಲಿದರೆ ಒಳಗಿನ ಗುಂಡಿಗೆಯೇ ಅಪ್ಪಚ್ಚಿಯಾದೀತು ಎಂದರು ಡಾಕ್ಟರರು.

ಅಂದಿನಿಂದ ಶಾಕು ಕೈಯಿಂದ ಕೈಗೆ ಬೆಳೆದಳು. ಓಡುವಂತಿಲ್ಲ, ಬೀಳುವಂತಿಲ್ಲ, ಓಣಿಯ ಮಕ್ಕಳ ಜೊತೆ ಆಡುವಂತಿಲ್ಲ. ಯಾರದೋ ಮೊಳಕೈ ತಗುಲಿದರೂ, ಕಲ್ಲಿನ ಮೇಲೆ ಬೋರಲು ಬಿದ್ದರೂ, ಕಾಯಲು ಅಲ್ಲಿ ಎಲುಬೇ ಇಲ್ಲ. ಕಸ್ತೂರಿ ಬಾಗಿಲಿಗೆ ಅಡ್ಡ ಹಲಗೆ ಇಟ್ಟಿದ್ದಳು. ಶಾಕು ಆ ಹಲಗೆಯ ಮೇಲೆ ಗಲ್ಲ ಊರಿ, ಓಣಿಯಲ್ಲಿ ಓಡುವ ಮಕ್ಕಳನ್ನು ನೋಡುತ್ತ ತಾನೂ ಕೂಗುತ್ತಿದ್ದಳು. ಅವಳಿಗೆ ಅದೇ ಆಟ.

ಇನ್ನೊಂದು ಆಟವೂ ಇತ್ತು. ತನ್ನ ಎದೆಯಲ್ಲಿ ಕುಪ್ಪಳಿಸುವುದು ಗುಬ್ಬಿ ಎಂದು ಅವಳು ನಂಬಿದ್ದಳು. ಯಾರು ಹೇಳಿಕೊಟ್ಟರೋ, ತಾನೇ ಕಂಡುಕೊಂಡಳೋ. ದಿನಾ ಬೆಳಗ್ಗೆ ಅಂಗಾತ ಮಲಗಿ ಎದೆಯ ನಡುವೆ ನಾಲ್ಕು ನವಣೆಕಾಳು ಇಟ್ಟುಕೊಳ್ಳುವಳು. ಕಾಳು ಟಣ್ ಟಣ್ ಎಂದು ಹಾರಿ ಪಕ್ಕಕ್ಕೆ ಬೀಳುತ್ತಿದ್ದವು. "ಅಪ್ಪಾ, ಉಂತು! ಗುಬ್ಬಿ ಉಂತು!" ಎಂದು ಚಪ್ಪಾಳೆ. ಹುಚ್ಚೇಶನಿಗೂ ಆ ಗುಬ್ಬಿಯ ಮೇಲೆ ಜೀವವಾಗಿತ್ತು. ಮಗಳು ಅತ್ತರೆ ಅದು ಹೇಗೆ ಕುಣಿಯುತ್ತದೆ, ಬೆಲ್ಲ ತಿಂದಾಗ ಹೇಗೆ, ತನ್ನ ಹೆಜ್ಜೆಯ ಸಪ್ಪಳ ಕೇಳಿದಾಗ ಹೇಗೆ, ಎಲ್ಲ ಅವನಿಗೆ ಕಾಣುತ್ತಿತ್ತು. ಹೆತ್ತವರಲ್ಲಿ ಎಷ್ಟು ಮಂದಿಗೆ ಮಕ್ಕಳ ಮನಸ್ಸು ಹೀಗೆ ಕಣ್ಣಿಗೆ ಕಾಣುತ್ತದೆ? ಹಾಗೆಂದು ಒಮ್ಮೆ ಅವನು ಬಾಯಿಬಿಟ್ಟಾಗ ಕಸ್ತೂರಿ ರೇಗಿದ್ದಳು. "ನಿಮಗ ನೋಡಾಕ ಚಂದ ಅಂತ ಅಕಿ ಎದಿ ತೆಕ್ಕೊಂಡ ಕುಂದರಬೇಕೇನ್ರಿ?"

ಎಲುಬು ಬಿತ್ತುವ ವಿದ್ಯೆ ಹುಬ್ಬಳ್ಳಿಗೆ ಬಂದಿದೆ ಎಂದು ತಿಳಿದ ವರ್ಷ ಅವರು ಮೊದಲ ಸಲ ಚಾಲಕನಿಲ್ಲದೆ ತಾನೇ ಓಡುವ ಬಸ್ಸು ಹತ್ತಿದ್ದರು. ಕಸ್ತೂರಿ ಚಾಲಕನ ಖಾಲಿ ಸೀಟಿಗೂ ಕುಂಕುಮ ಹಚ್ಚಿ ಕೈಮುಗಿದು ಕೂತಿದ್ದಳು. ಕೇಂದ್ರದ ಪಡಸಾಲೆಯಲ್ಲಿ ತಮ್ಮಂಥವರೇ ಅಷ್ಟು ಜನ ಇರುತ್ತಾರೆಂದು ಅವರು ಎಣಿಸಿರಲಿಲ್ಲ. ಒಂದು ಬದಿಯ ಎದೆಯ ಸ್ನಾಯುವೇ ಇಲ್ಲದೆ ಹುಟ್ಟಿದ ಹುಡುಗಿ. ಪಾರಿವಾಳದ ಹಾಗೆ ಎದೆ ಮುಂದೆ ಬಂದ ಮಗು. ಎದೆ ಒಳಕ್ಕೆ ಕುಸಿದು ಬಟ್ಟಲಾಗಿದ್ದ ಸವಣೂರಿನ ಯುವಕನೊಬ್ಬ ತಾನೇ ಮುಂದಾಗಿ ಮಾತಿಗಿಳಿದ. "ಸಣ್ಣವಿದ್ದಾಗ ನಮ್ಮಣ್ಣ ಇದರಾಗ ಚಾ ಹಾಕ್ಕೊಂಡ ಕುಡೀತೀನಿ ಅಂತಿದ್ದಾರಿ. ಈಗ ನೋಡ್ರಿ, ತುಂಬಾಕತ್ತೈತಿ. ಇನ್ನ ಬಸಿಯಷ್ಟ ಉಳದೈತಿ!" ಎಂದು ಅಂಗಿ ಎತ್ತಿ ತೋರಿಸಿದ. ಕಸ್ತೂರಿ ನಕ್ಕಳು. ಶಾಕು ಹುಟ್ಟಿದ ಮೇಲೆ ಅವಳು ಆಸ್ಪತ್ರೆಯೊಂದರಲ್ಲಿ ನಕ್ಕದ್ದು ಅದೇ ಮೊದಲು.

ಎಲುಬೆಂದರೆ ಕಲ್ಲಲ್ಲ, ಅದಕ್ಕೂ ಕಿವಿ ಇದೆ ಎನ್ನುವುದು ವಾರಿಜಾ ಅವರ ಮಾತು. ಯಾವ ಕಡೆಯಿಂದ ಎಳೆತ ಬರುತ್ತದೋ ಆ ಕಡೆಗೆ ಅದು ನಾರು ಹಾಕುತ್ತ ಬೆಳೆಯುತ್ತದೆ. ಶಾಕುವಿನ ಪಕ್ಕೆಲುಬಿನ ತುದಿಯಿಂದ ಚೂರು ಮೆಲ್ಲೆಲುಬು ತೆಗೆದು, ಅದರ ಜೀವಕಣಗಳನ್ನು ಬೆಳೆಸಿ, ಗಂಜಿಯಂಥ ದ್ರವದಲ್ಲಿ ಬೆರೆಸಿ, ದೀಪಾವಳಿಯ ಹೊತ್ತಿಗೆ ಆ ಸಂದಿನಲ್ಲಿ ಬಿತ್ತಿದ್ದರು. ಮೇಲೆ ತೊಡಿಸಲು ಒಂದು ತೆಳು ಅಂಗಿ, ಉಸಿರಂಗಿ. ಮಗು ಮಲಗಿದಾಗ ಅದು ಉಸಿರಿನ ಏರಿಳಿತವನ್ನು ಕಲಿಯುತ್ತದೆ. ಕಲಿತು, ಪ್ರತಿ ಉಸಿರಿಗೂ ತಾನೂ ಒಂದಿಷ್ಟು ಎಳೆತ ಸೇರಿಸಿ, ಎರಡು ಅಂಚುಗಳನ್ನು ಹತ್ತಿರ ಕರೆಯುತ್ತದೆ. ಗುಂಡಿಗೆಗೆ ಗೊತ್ತೇ ಆಗದ ಹಾಗೆ, ಕೂದಲೆಳೆಯಷ್ಟು ಕೂದಲೆಳೆಯಷ್ಟಾಗಿ, ಬಾಗಿಲು ಮುಚ್ಚುತ್ತದೆ. ಯುಗಾದಿಯ ತನಕ ಬಿತ್ತಿದ್ದು ಮೆತ್ತಗಿರುತ್ತದೆ. ಆಮೇಲೆ ಯಾವ ಆಕಾರದಲ್ಲಿದೆಯೋ ಆ ಆಕಾರದಲ್ಲೇ ಗಟ್ಟಿಯಾಗಿಬಿಡುತ್ತದೆ. ಎರಡನೆಯ ಸಲ ಬಿತ್ತಲು ಆ ಪುಟ್ಟ ಎಲುಬುಗಳಲ್ಲಿ ತೆಗೆಯುವಷ್ಟು ಬೀಜವಿಲ್ಲ.

ಈಗ ಸಂಕ್ರಾಂತಿ ಕಳೆದಿತ್ತು. ಎದೆಮನೆಯಲ್ಲಿ ನಿಂತ ವಾರಿಜಾ ಆ ಸಂದನ್ನೇ ನೋಡುತ್ತಿದ್ದರು.

"ಏನಾತ್ರಿ ಅಕ್ಕಾರ?"

"ಬೆಳದದ. ಆದ್ರ ಕೂಡವಲ್ದು," ಎಂದು ಅವರು ಸಂದಿನ ಅಂಚನ್ನು ಇನ್ನಷ್ಟು ದೊಡ್ಡದು ಮಾಡಿದರು. "ನೀವ ನೋಡ್ರಿ."

ಹುಚ್ಚೇಶ ನೋಡಿದ. ಹೊಸ ಎಲುಬಿನ ನಾರುಗಳು ಬೆಳ್ಳಿಯ ಎಳೆಗಳಾಗಿ ಹೊಳೆಯುತ್ತಿದ್ದವು. ಎಲ್ಲ ಮೇಲಿನಿಂದ ಕೆಳಕ್ಕೆ, ಒಂದರ ಪಕ್ಕ ಒಂದು, ನೀಟಾಗಿ ಬಾಚಿದ ಹಾಗೆ. ಅಡ್ಡಕ್ಕೆ ಒಂದೂ ಇಲ್ಲ. ಅಂಚಿನಿಂದ ಅಂಚಿಗೆ ದಾಟಿದ ಎಳೆ ಒಂದೂ ಇಲ್ಲ.

"ಬರೇ ಹಾಸೈತಿ," ಎಂದ ಅವನು, ನೇಯುವವನ ಮಾತಿನಲ್ಲಿ, ತನಗೇ ಹೇಳಿಕೊಳ್ಳುವಂತೆ. "ಉದ್ದೆಳಿ ಅಷ್ಟ. ಅಡ್ಡೆಳಿ, ಹೊಕ್ಕು, ಇಲ್ಲ."

"ಅಂಗಿ ಏನೋ ತಪ್ಪು ಕಲತದ. ಉಸಿರಿನ ಎಳೆತ ನಿಧಾನ ಇರಬೇಕು. ಇದು ಸಣ್ಣಸಣ್ಣದು, ಭಾಳ ಜಲ್ದಿ ಜಲ್ದಿ ಜಗ್ಗಾಕತ್ತದ. ಎಲ್ಲಿಂದ ಕಲೀತೋ ತಿಳೀವಲ್ದು. ಕೇಳ್ರಿ, ಸಪ್ಪಳ ಹಾಕ್ತೀನಿ."

ಕತ್ತಲೆಯಲ್ಲಿ ಮೊದಲು ಗುಂಡಿಗೆಯ ಸದ್ದು ಕೇಳಿತು, ಮಳೆಗಾಲದ ಗುಡುಗಿನಂತೆ ದೂರದಿಂದ. ಅದರ ಮೇಲೆ ಉಸಿರು. ಇವೆರಡರ ಮೇಲೆ ಮೂರನೆಯದೊಂದು, ಅಂಗಿ ಕಲಿತ ಎಳೆತದ್ದು: ಟಕ್, ಟಪ್ಪ. ಟಕ್, ಟಪ್ಪ. ಐದಾರು ಸಲಕ್ಕೊಮ್ಮೆ ಒಂದು ಚಿಕ್ಕ ತಡೆ, ಮತ್ತೆ ಟಕ್, ಟಪ್ಪ. ಕೇಳುತ್ತ ನಿಂತ ಹುಚ್ಚೇಶನ ಬಲಗಾಲು ಅವನನ್ನು ಕೇಳದೆಯೇ ನೆಲ ತುಳಿಯತೊಡಗಿತು. ಆಮೇಲೆ ಎಡಗಾಲು.

ವಾರಿಜಾ ಅವನ ಕಾಲನ್ನೇ ನೋಡಿದರು. ಅವನೂ ತನ್ನ ಕಾಲನ್ನು ನೋಡಿಕೊಂಡ.

"ನಂದ್ರಿ ಅದು," ಎಂದ. "ನನ್ನ ಮಗ್ಗದ್ದು. ಹರೇದಾಗ ಈ ಮುಂಗೈ ಮುರದಿತ್ರಿ. ಐದಾರು ಲಾಳಿಗೊಮ್ಮೆ ಹಿಂಗ ಹಿಡೀತೈತಿ."

ದೀಪಾವಳಿಯಲ್ಲಿ ಅಂಗಿ ತೊಡಿಸುವಾಗ ವಾರಿಜಾ ಕೇಳಿಯೇ ಇದ್ದರು: ಮನೆಯಲ್ಲಿ ಗಿರಣಿ, ಮೋಟಾರು, ಯಾವುದಾದರೂ ಮಷಿನ್ ಇದೆಯೇ? ಮಗು ಮಲಗುವ ಜಾಗ ಅಲುಗಬಾರದು. "ಮಷಿನ್ ಎಲ್ಲೀದ್ರಿ, ನಮ್ಮನ್ಯಾಗ ಮಿಕ್ಸರ್ ಸೈತ ಇಲ್ಲ, ಬೀಸೋ ಕಲ್ಲೈತಿ," ಎಂದು ಹುಚ್ಚೇಶ ಹೆಮ್ಮೆಯಿಂದಲೇ ಹೇಳಿದ್ದ. ಸುಳ್ಳು ಹೇಳಿರಲಿಲ್ಲ. ಮಗ್ಗ ಅವನ ಪಾಲಿಗೆ ಮಷಿನ್ ಅಲ್ಲ, ಸದ್ದೂ ಅಲ್ಲ, ಅದು ಮನೆ. ಅವನು ನೇಯುವುದು ಖಣ, ಹೆಂಗಸರು ಕುಪ್ಪಸ ಹೊಲಿಸಿಕೊಳ್ಳುವ ಸಣ್ಣ ಹೂವಿನ ಬಟ್ಟೆ. ಅವನ ಮನೆಯಲ್ಲಿ ಕೂಸು ಹುಟ್ಟಿದರೆ ಹಳೆ ಸೀರೆಯ ಜೋಲಿಯನ್ನು ಮಗ್ಗದ ತೊಲೆಗೇ ಕಟ್ಟುವುದು ಅಜ್ಜನ ಕಾಲದಿಂದ ಬಂದ ರೂಢಿ. ಎಳೆ ಒತ್ತುವ ಹಣಿಗೆ ಬಡಿದಂತೆಲ್ಲ ಜೋಲಿ ತೂಗುತ್ತದೆ, ಬೇರೆ ಯಾರೂ ತೂಗಬೇಕಿಲ್ಲ. ಹುಚ್ಚೇಶನೂ ಆ ತೊಲೆಯಡಿಯೇ ಬೆಳೆದವನು. ಶಾಕುವಿಗಂತೂ ಮೂರು ವರ್ಷವಾದರೂ ಜೋಲಿಯಲ್ಲದೆ ನಿದ್ದೆ ಇಲ್ಲ. ಮಗ್ಗ ನಿಂತಿರುವ ರಾತ್ರಿ ಹೊತ್ತು ಹೊರಳಾಡುತ್ತಿದ್ದಳು; ರಾತ್ರಿ ಸರಿಯಾಗಿ ಮಲಗುವುದಿಲ್ಲ ಎಂದಷ್ಟೇ ತಿಳಿದ ಕೇಂದ್ರದವರು ಅಂಗಿಯ ಕೆಲಸವನ್ನು ಮಧ್ಯಾಹ್ನದ ನಿದ್ದೆಗೆ ಗೊತ್ತುಮಾಡಿದ್ದರು. ಅವನು ನೇಕಾರನೆಂದು ವಾರಿಜಾಗೆ ಗೊತ್ತಿತ್ತು. ಮಗ್ಗಕ್ಕೆ ಜೋಲಿ ಕಟ್ಟುತ್ತಾರೆಂದು ಗೊತ್ತಿರಲಿಲ್ಲ.

"ನನ್ನ ಕೈಯ್ಯಾರೆ ಕೆಡಿಸಿದೆ," ಎಂದ ಹುಚ್ಚೇಶ, ಆ ಬೆಳಕಿನ ಮನೆಯೊಳಗೆ ಕುಕ್ಕರಿಸಿ ಕೂತು.

"ನಾನೂ ಬಂದು ನೋಡಬೇಕಿತ್ತು, ನೋಡಲಿಲ್ಲ. ತಪ್ಪು ನಂದೂ ಅದ," ಎಂದರು ವಾರಿಜಾ. "ಅಂಗಿ ಕಲತದ್ದನ್ನ ಅಳಿಸಿ ಕೊಡ್ತೀನಿ. ಯುಗಾದಿ ಇನ್ನೂ ಅದ. ಮಗ್ಗ ನಿಲ್ಲಿಸ್ರಿ."

ಮಗ್ಗ ನಿಂತಿತು.

ಆ ಮನೆಯಲ್ಲಿ ಮಗ್ಗ ನಿಲ್ಲುವುದು ಅಮಾವಾಸ್ಯೆಗೆ, ಇಲ್ಲವೇ ಯಾರಾದರೂ ತೀರಿಕೊಂಡರೆ. ಹಾಗಾಗಿ ಎರಡನೆಯ ದಿನ ಓಣಿಯವರು ಒಬ್ಬೊಬ್ಬರಾಗಿ ಬಾಗಿಲಿಗೆ ಬಂದು, ಒಳಗೆ ಇಣುಕಿ, ಮೂವರೂ ಇರುವುದನ್ನು ಕಂಡು ನಿಟ್ಟುಸಿರು ಬಿಟ್ಟು ಹೋದರು. ಎದುರುಮನೆಯ ಮುದುಕಿ ಮಾತ್ರ ಒಳಗೇ ಬಂದು ಶಾಕುವಿನ ಗಲ್ಲ ಹಿಡಿದು ನೋಡಿದ ಮೇಲೆಯೇ ನಂಬಿದಳು. ಹುಚ್ಚೇಶ ಹೊರಗಿನ ಕಟ್ಟೆಯ ಮೇಲೆ ಕೈಕಟ್ಟಿ ಕೂತಿರುತ್ತಿದ್ದ. ಕೆಲಸವಿಲ್ಲದ ಕೈಗಳನ್ನು ಎಲ್ಲಿ ಇಟ್ಟುಕೊಳ್ಳುವುದೆಂದು ಅವನಿಗೆ ತಿಳಿಯುತ್ತಿರಲಿಲ್ಲ.

ಆದರೆ ಶಾಕು ಮಲಗಲಿಲ್ಲ. ಜೋಲಿಯನ್ನು ಅಡುಗೆಮನೆಯ ತೊಲೆಗೆ ಕಟ್ಟಿದರೂ ಇಲ್ಲ, ಕಸ್ತೂರಿ ತಟ್ಟಿದರೂ ಇಲ್ಲ, ಹಾಡಿದರೂ ಇಲ್ಲ. ಅತ್ತು ಅತ್ತು ಸೋತು ಕಣ್ಣು ಮುಚ್ಚಿದರೆ ಉಸಿರು ಮೇಲಕ್ಕೇ ಸಿಕ್ಕಿಕೊಂಡು ಬಿಟ್ಟುಬಿಟ್ಟು ಬರುತ್ತಿತ್ತು. ಎದೆಯ ಗುಬ್ಬಿ ಬೆಕ್ಕು ಕಂಡಂತೆ ಎಗರಾಡುತ್ತಿತ್ತು. ಅಂಗಿಗೆ ಕಲಿಯಲು ಏನೂ ಸಿಗುತ್ತಿರಲಿಲ್ಲ. ಹುಬ್ಬಳ್ಳಿಯ ಪರದೆಯಲ್ಲಿ ಅದನ್ನೆಲ್ಲ ನೋಡಿದ ವಾರಿಜಾ ಮೂರನೆಯ ದಿನ ಸುದ್ದಿಯನ್ನೂ ಕಳಿಸದೆ ತಾವೇ ಬಂದಿಳಿದರು.

ಬಂದವರು ಮೊದಲು ಮಗ್ಗದ ತೊಲೆ ನೋಡಿದರು. ಜೋಲಿಯ ಹಗ್ಗ ಉಜ್ಜಿ ಉಜ್ಜಿ ತೊಲೆಯಲ್ಲಿ ಬೆರಳಿನಷ್ಟು ಆಳದ ಗೆರೆ ಬಿದ್ದಿತ್ತು. ಅದನ್ನು ಬೆರಳಿಂದ ಮುಟ್ಟಿ ನೋಡಿದರು. ಆಮೇಲೆ ರೊಟ್ಟಿ, ಪುಂಡಿಪಲ್ಲೆ ಉಂಡು ಅಲ್ಲೇ ಗೋಡೆಗೆ ಒರಗಿ ಕೂತರು. ಶಾಕುವಿನ ಕಣ್ಣು ಕೆಂಪಗಿದ್ದವು. ತಂದೆಯ ಧೋತರದ ತುದಿ ಹಿಡಿದು ಅವನನ್ನು ಮಗ್ಗದ ಕಡೆಗೆ ಎಳೆಯುತ್ತಿದ್ದಳು.

"ಆಡ್ಸಪಾ. ಮಗ್ಗಾ ಆಡ್ಸು."

"ಬ್ಯಾಡವ್ವಾ, ನನ್ನವ್ವ ಹೌದಿಲ್ಲೊ?"

"ಒಂದ್ ಸಲ."

ಹುಚ್ಚೇಶ ವಾರಿಜಾ ಅವರ ಮುಖ ನೋಡಿದ. "ಆಡಸ್ರಿ, ನೋಡೂಣು. ಜೋಲಿ ಮೊದಲಿನ ಜಾಗಾದಾಗ ಕಟ್ಟರಿ," ಎಂದರು ಅವರು, ಅಂಗೈಯಲ್ಲಿದ್ದ ಚಿಕ್ಕ ಪರದೆಯಿಂದ ಕಣ್ಣು ತೆಗೆಯದೆ.

ಅವನು ಮಗ್ಗದಡಿಯ ಕುಣಿಯಲ್ಲಿ ಕಾಲು ಇಳಿಬಿಟ್ಟು ಕೂತ. ತುಳಿದ. ಲಾಳಿ ಎಸೆದ. ಟಕ್, ಟಪ್ಪ. ಜೋಲಿಯೊಳಗಿನ ಬಿಕ್ಕು ನಿಂತಿತು. ಇನ್ನೂ ನಾಲ್ಕು ಸಲ ಲಾಳಿ ಓಡಿತು. ಮಗಳ ರೆಪ್ಪೆ ಭಾರವಾದವು. ಸಿಕ್ಕಿಕೊಂಡಿದ್ದ ಉಸಿರು ಬಿಡಿಸಿಕೊಂಡು ಮಗ್ಗದ ಹಿಂದೆಯೇ ಬಂತು.

"ನಿಧಾನ ಮಾಡ್ರಿ," ಎಂದರು ವಾರಿಜಾ. ಮಾಡಿದ. "ಇನ್ನೂ ನಿಧಾನ." ಮಗ್ಗ ನಿಧಾನವಾದಂತೆ ಉಸಿರೂ ನಿಧಾನವಾಯಿತು. ಮೇಲೆ ಮೇಲೆ ಇದ್ದದ್ದು ಕೆಳಗಿಳಿದು ಹೊಟ್ಟೆಯ ತನಕ ಹೋಯಿತು. ವಾರಿಜಾ ಎದ್ದು ನಿಂತರು. "ಹುಚ್ಚೇಶಪ್ಪಾ, ಅಂಗೀಗೆ ಮಗ್ಗ ಯಾವುದು, ಉಸಿರು ಯಾವುದು ತಿಳಿಯೂದಿಲ್ಲ. ಎರಡೂ ಒಂದಽ ಆದ್ರ ತಿಳಿಯೂ ಅವಶ್ಯಾನಽ ಇಲ್ಲ. ಅಕಿ ಉಸಿರಿಗೆ ಸರಿಯಾಗಿ ನೇಯ್ಲಿಕ್ಕಾಗ್ತದೇನ್ರಿ?"

"ಇಷ್ಟ ನಿಧಾನ ಯಾರೂ ನೇಯೂದಿಲ್ರಿ."

"ಗೊತ್ತದ. ಆಗ್ತದೇನು?"

"ನೋಡೂಣ್ರಿ," ಎಂದ ಹುಚ್ಚೇಶ. ಹೇಳುವಷ್ಟು ಸುಲಭವಾಗಿರಲಿಲ್ಲ ಅದು.

ಬದುಕಿಡೀ ಓಡಿದ ಕೈ ನಡೆಯಲು ಒಪ್ಪಲಿಲ್ಲ. ಉಸಿರು ಒಳಗೆ ಹೋಗುವಾಗ ಲಾಳಿ, ತುಂಬಿ ನಿಂತಾಗ ನಿಲ್ಲುವುದು, ಉಸಿರು ಹೊರಗೆ ಬರುವಾಗ ಹಣಿಗೆ, ಮತ್ತೆ ನಿಲ್ಲುವುದು. ಮನಸ್ಸು ಎಲ್ಲೋ ಹೋದರೆ ಸಾಕು, ಮುಂಗೈ ತನ್ನ ಹಳೆಯ ಚಾಳಿಗೆ ಬಿದ್ದು ಓಡುತ್ತಿತ್ತು. ಆಗ ಜೋಲಿಯ ಪಕ್ಕ ಕೂತ ಕಸ್ತೂರಿ ಮಗಳ ಹೊಟ್ಟೆಯ ಮೇಲೆ ಕೈಯಿಟ್ಟುಕೊಂಡೇ ಗದರುವಳು: "ಎಲ್ಲಿ ಓಡತೀರಿ? ಇನ್ನ ಉಸರ ಬಿಟ್ಟಿಲ್ಲಕಿ." ಅವನು ನಿಲ್ಲುವನು. "ಹೂಂ, ಈಗ." ಅವನು ಎಳೆಯುವನು. ಮದುವೆಯಾದಾಗಿನಿಂದ ಗಂಡ ತನ್ನ ಮಾತು ಇಷ್ಟು ಕೇಳಿದ್ದು ಇದೇ ಮೊದಲೆಂದು ಅವಳು ಬಾವಿಕಟ್ಟೆಯಲ್ಲಿ ಹೇಳಿಕೊಂಡು ನಗುತ್ತಿದ್ದಳು.

ಬರಬರುತ್ತ ಕಸ್ತೂರಿ ಹೇಳುವುದು ಬೇಡವಾಯಿತು. ಮಧ್ಯಾಹ್ನದ ಬಿಸಿಲು ಬೆಳಕಿಂಡಿಯಿಂದ ಇಳಿದು ಹಾಸಿನ ಮೇಲೆ ಬಿದ್ದಾಗ ಅವನು ಕೂತರೆ, ಅದು ಗೋಡೆ ಹತ್ತಿ ಮಾಯವಾಗುವ ತನಕ ಅವನಿಗೆ ಬೇರೆ ಲೋಕ ಇರುತ್ತಿರಲಿಲ್ಲ. ತನ್ನ ಉಸಿರೂ ಮಗಳ ಉಸಿರಿಗೆ ಸೇರಿಕೊಂಡಿದ್ದು ಅವನಿಗೆ ಎಷ್ಟೋ ದಿನ ಗೊತ್ತೇ ಆಗಲಿಲ್ಲ. ಅರೆ ಎಚ್ಚರ, ಅರೆ ಕನಸು. ತಾನು ಕೂತದ್ದು ಗುಳೇದಗುಡ್ಡದ ಮನೆಯಲ್ಲಲ್ಲ, ಆ ಹೊಂಬಣ್ಣದ ಎದೆಮನೆಯ ನಡುವೆ; ಮೇಲಿರುವುದು ಮಗ್ಗದ ತೊಲೆಯಲ್ಲ, ಬಾಗಿದ ಪಕ್ಕೆಲುಬು; ಲಾಳಿ ಆ ಅಂಚಿನಿಂದ ಈ ಅಂಚಿಗೆ ದಾಟುತ್ತಿದೆ, ಹಿಂದೆ ಬೆಳ್ಳಿಯ ಎಳೆ ಬಿಡುತ್ತಿದೆ. ಗುಬ್ಬಿ ಪಕ್ಕದಲ್ಲೇ ಕೂತು ಕತ್ತು ಕೊಂಕಿಸಿ ನೋಡುತ್ತದೆ. ಹೊರಗೆ ಓಣಿಯಲ್ಲಿ ಯಾರೋ ಯಾರನ್ನೋ ಕೂಗಿದರೆ ಅದು ಬಹಳ ದೂರದ ಊರಿನ ಕೂಗಿನಂತೆ ಕೇಳುತ್ತಿತ್ತು. ಜೀವಮಾನದಲ್ಲಿ ಅಷ್ಟು ಸುಖವಾದ ಮಧ್ಯಾಹ್ನಗಳನ್ನು ಅವನು ಕಂಡಿರಲಿಲ್ಲ, ಅಷ್ಟು ಭಯದ ಮಧ್ಯಾಹ್ನಗಳನ್ನೂ.

ಬಟ್ಟೆ ಮಾತ್ರ ವಿಚಿತ್ರವಾಗಿ ಬಂತು. ಗಿಣಿಹಸಿರು ಅಂಚಿನ ಕೆಂಪು ಖಣ. ಆದರೆ ಒಂದು ಕಡೆ ದಟ್ಟ, ಒಂದು ಕಡೆ ಸಡಿಲ. ಶಾಕುವಿಗೆ ನೆಗಡಿಯಾದ ದಿನಗಳಲ್ಲಿ ಎಳೆಗಳು ಒತ್ತೊತ್ತಾಗಿದ್ದವು. ಒಳ್ಳೆಯ ಕನಸು ಬಿದ್ದ ದಿನ ಉದ್ದುದ್ದಕ್ಕೆ ಹರಡಿಕೊಂಡಿದ್ದವು. ಖಣ ಕೊಳ್ಳಲು ಬಂದ ವ್ಯಾಪಾರಿ ಬೆಳಕಿಗೆ ಹಿಡಿದು ನೋಡಿ, "ಏನೋ ಮಾರಾಯಾ, ಇದರಾಗ ಹಿಟ್ಟ ಸಾಣಸಬಹುದು!" ಎಂದು ನಕ್ಕು ಅಲ್ಲೇ ಇಟ್ಟು ಹೋದ. ಹುಚ್ಚೇಶನೂ ನಕ್ಕ. ಆ ಬಟ್ಟೆಯನ್ನು ಅವನು ಬೇರೆಯವರಿಗೆ ಕೊಡುವವನೂ ಆಗಿರಲಿಲ್ಲ.

ಯುಗಾದಿಯ ಮರುದಿನ ಮತ್ತೆ ಅದೇ ಬಸ್ಸು, ಅದೇ ಕುಂಕುಮ, ಅದೇ ಹೊಸ್ತಿಲು. ಹುಚ್ಚೇಶ ಚಪ್ಪಲಿ ಬಿಟ್ಟ. ಈ ಸಲ ವಾರಿಜಾ ಕೂಡ ಬೂಟು ಬಿಚ್ಚಿ ಪಕ್ಕಕ್ಕಿಟ್ಟರು.

ಅವನು ತಲೆ ತಗ್ಗಿಸಿಕೊಂಡೇ ಒಳಗೆ ಹೋದ. ನೋಡುವ ಧೈರ್ಯವಾಗಲಿಲ್ಲ. ಮೊದಲು ಕಿವಿಗೊಟ್ಟ. ಗುಂಡಿಗೆಯ ಸದ್ದು ಮೊದಲಿನ ಹಾಗೆ ಮೇಲೆರಗಿ ಬರಲಿಲ್ಲ. ಕದ ಹಾಕಿಕೊಂಡ ಮನೆಯೊಳಗೆ ಯಾರೋ ಕುಟ್ಟುತ್ತಿರುವ ಹಾಗೆ ಮೆತ್ತಗೆ ಬಂತು. ಆಗ ತಲೆ ಎತ್ತಿದ.

ಸಂದು ಇರಲಿಲ್ಲ. ಹಾಸಿನ ಮೇಲೆ ಹೊಕ್ಕು ಕೂತಿತ್ತು, ಅಂಚಿನಿಂದ ಅಂಚಿಗೆ, ಮೇಲಿನಿಂದ ಕೆಳಗಿನ ತನಕ. ಕೆಲವು ಕಡೆ ದಟ್ಟ, ಕೆಲವು ಕಡೆ ಸಡಿಲ. ಮನೆಯ ಪೆಟ್ಟಿಗೆಯಲ್ಲಿ ಮಡಿಸಿಟ್ಟ ಖಣವೇ ಅಲ್ಲಿ ನಿಂತಿತ್ತು.

"ಇನ್ನ ಎಲ್ಲಾರ ಮಕ್ಕಳಂಗಽ," ಎಂದರು ವಾರಿಜಾ. "ಓಡ್ಲಿ, ಬೀಳ್ಲಿ."

ಹುಚ್ಚೇಶ ಮುಖ ಮುಚ್ಚಿಕೊಂಡು ಅತ್ತ. ಸಂತೋಷಕ್ಕೇ ಅತ್ತ, ಆದರೆ ಪೂರ್ತಿ ಸಂತೋಷಕ್ಕಲ್ಲ. ಇನ್ನು ಮಗಳ ಮನಸ್ಸು ತನ್ನ ಕಣ್ಣಿಗೆ ಕಾಣುವುದಿಲ್ಲ, ಎಲ್ಲ ಅಪ್ಪಂದಿರ ಹಾಗೆ ತಾನೂ ಊಹಿಸಿ ಊಹಿಸಿ ಬದುಕಬೇಕು ಎಂಬುದು ಆ ಕ್ಷಣದಲ್ಲೇ ಅವನಿಗೆ ಹೊಳೆದಿತ್ತು. ಅದನ್ನು ಕಸ್ತೂರಿಗೆ ಹೇಳಲಿಲ್ಲ.

ಊರಿಗೆ ಬಂದ ಮರುದಿನ ಬೆಳಗ್ಗೆ ಕಸ್ತೂರಿ ಬಾಗಿಲಿನ ಅಡ್ಡ ಹಲಗೆ ತೆಗೆದು ಒಲೆಯ ಸೌದೆಗೆ ಹಾಕಿದಳು. ಆ ವಿಚಿತ್ರ ಖಣದಲ್ಲೇ ಮಗಳಿಗೊಂದು ಅಂಗಿ ಹೊಲಿದಿದ್ದಳು. ಅದನ್ನು ತೊಡಿಸುವ ಮುಂಚೆ ಶಾಕು ರೂಢಿಯಂತೆ ಅಂಗಾತ ಮಲಗಿ, ಎದೆಯ ಮೇಲೆ ನಾಲ್ಕು ನವಣೆಕಾಳು ಇಟ್ಟುಕೊಂಡು ಕಾದಳು.

ಕಾಳು ಅಲುಗಲಿಲ್ಲ.

ಅವಳು ಉಸಿರು ಹಿಡಿದು ನೋಡಿದಳು. ಬೆರಳಿನಿಂದ ಕಾಳನ್ನು ಸ್ವಲ್ಪ ಸರಿಸಿ ಇಟ್ಟು ನೋಡಿದಳು. ಆಮೇಲೆ ಬಾಯಿ ಬಿರಿದು ಅತ್ತ ಅಳು ಓಣಿಯ ತುದಿಗೂ ಕೇಳಿಸಿತು. "ಗುಬ್ಬಿ ಸತ್ತೈತೀ! ಅಪ್ಪಾ, ನನ್ನ ಗುಬ್ಬಿ ಸತ್ತೈತಿ!"

ಕಸ್ತೂರಿ ಓಡಿ ಬಂದಳು. ಎಷ್ಟೆಲ್ಲ ಯೋಚಿಸಿದವರು, ಎಲುಬಿಗೆ ಉಸಿರು ಕಲಿಸಿದವರು, ಇದೊಂದನ್ನು ಯಾರೂ ಯೋಚಿಸಿರಲಿಲ್ಲ. ಹುಚ್ಚೇಶ ಮಗಳ ಪಕ್ಕ ನೆಲದ ಮೇಲೆ ಮಲಗಿದ. ತನ್ನ ಅಂಗಿಯ ಗುಂಡಿ ಬಿಚ್ಚಿ, ಆ ನಾಲ್ಕು ಕಾಳುಗಳನ್ನು ತೆಗೆದು ಎದೆಯ ಮೇಲೆ ಇಟ್ಟುಕೊಂಡ.

"ನಂದೂ ಉಣ್ಣವಲ್ದು ನೋಡು."

ಶಾಕು ಬಿಕ್ಕುತ್ತಲೇ ನೋಡಿದಳು. ಕಾಳು ಸುಮ್ಮನೆ ಕೂತಿದ್ದವು. "ನಿಂದೂ ಸತ್ತೈತಿ?"

"ಕಿವಿ ಇಟ್ಟ ಕೇಳು."

ಅವಳು ಅಪ್ಪನ ಎದೆಗೆ ಕಿವಿ ಇಟ್ಟಳು. ಬಹಳ ಹೊತ್ತು ಕೇಳಿದಳು. ಮಗಳ ಒದ್ದೆ ಗಲ್ಲದಡಿ ಹುಚ್ಚೇಶನ ಗುಂಡಿಗೆ ಎಂದೂ ಇಲ್ಲದಷ್ಟು ಜೋರಾಗಿ ಹೊಡೆದುಕೊಳ್ಳುತ್ತಿತ್ತು.

"ಐತಿ!" ಎಂದಳು, ಕಣ್ಣು ಅಗಲಿಸಿ. "ಅಪ್ಪಾ, ನಿನ್ನೊಳಗೂ ಐತಿ!"

"ಎಲ್ಲಾರ ಒಳಗೂ ಇರ್ತೈತವ್ವಾ. ಬಾಗಲಾ ಹಾಕ್ಕೊಂಡ ಕುಂತಿರ್ತೈತಿ. ನಿಂದು ಇಷ್ಟ ದಿನಾ ಬಾಗಲಾ ಇಲ್ದ ಚಳ್ಯಾಗ ಕುಂತಿತ್ತು. ಈಗ ಬೆಚ್ಚಗೈತಿ."

ಶಾಕು ತನ್ನ ಎದೆ ಮುಟ್ಟಿಕೊಂಡಳು. ಅಮ್ಮನ ಹತ್ತಿರ ಹೋಗಿ ಅವಳ ಎದೆಗೂ ಕಿವಿ ಇಟ್ಟು ಪರೀಕ್ಷೆ ಮಾಡಿದಳು. ಕಸ್ತೂರಿ ಮಗಳ ತಲೆ ಹಿಡಿದುಕೊಂಡು ಕೂತಳು. ಆಮೇಲೆ ಶಾಕು ಹಿಂದಕ್ಕೆ ಬಂದು, ಅಪ್ಪನ ಎದೆಯ ಮೇಲಿದ್ದ ಕಾಳುಗಳನ್ನು ಒಂದೊಂದಾಗಿ ಆರಿಸಿ, ಬಾಯಿಗೆ ಹಾಕಿಕೊಂಡು ನುಂಗಿದಳು.

"ಏನ ಮಾಡಾಕತ್ತೀಯವ್ವಾ?"

"ಬಾಗಲಾ ಹಾಕೈತಿ. ಒಳಗಿಂದ ಕೊಟ್ಟೆ."

ಅಷ್ಟು ಹೇಳಿ, ಖಣದ ಅಂಗಿ ತೊಡಿಸಿಕೊಂಡು, ಹಲಗೆಯಿಲ್ಲದ ಬಾಗಿಲನ್ನು ಒಮ್ಮೆ ನೋಡಿ, ದಾಟಿದಳು. ಹುಚ್ಚೇಶನ ಕೈ ಅವಳನ್ನು ಹಿಡಿಯಲು ತಾನಾಗಿಯೇ ಚಾಚಿತು. ಅವನು ಅದನ್ನು ಹಿಂದಕ್ಕೆಳೆದುಕೊಂಡ. ಓಣಿಯ ಮಕ್ಕಳು ಅವಳನ್ನು ಕಂಡು ಒಂದು ಕ್ಷಣ ನಿಂತರು. ಮುಟ್ಟಬಾರದ ಹುಡುಗಿ ಎಂದು ಅವರಿಗೂ ಹೇಳಿಕೊಟ್ಟಿತ್ತಲ್ಲ. ಶಾಕು ಅವರಲ್ಲೊಬ್ಬಳ ಬೆನ್ನಿಗೆ ತಾನೇ ಒಂದು ಗುದ್ದು ಕೊಟ್ಟು ಓಡಿದಳು. ಆಮೇಲೆ ಹೇಳುವುದೇನಿದೆ, ಎಲ್ಲರೂ ಓಡಿದರು.

ಓಡಿ ಅಭ್ಯಾಸವಿಲ್ಲದ ಕಾಲು. ಎದುರುಮನೆಯ ಕಟ್ಟೆಯ ಹತ್ತಿರ ಎಡವಿ, ಕಲ್ಲಿನ ಮೇಲೆ, ಬೋರಲಾಗಿ, ಎದೆ ಕೊಟ್ಟು ಬಿದ್ದಳು.

ಕಸ್ತೂರಿ ಬಾಗಿಲ ಚೌಕಟ್ಟು ಹಿಡಿದುಕೊಂಡಳು. ಹುಚ್ಚೇಶ ಬಾಗಿಲಲ್ಲಿ ನಿಂತಲ್ಲೇ ನಿಂತ. ಓಣಿಯೆಲ್ಲ ನಿಂತಿತು. ಮೂರು ವರ್ಷ ಅವರಿಬ್ಬರೂ ಕಣ್ಣು ಮುಚ್ಚಿದಾಗಲೆಲ್ಲ ಕಂಡಿದ್ದು ಇದನ್ನೇ.

ಶಾಕು ಎದ್ದು ಕೂತಳು. ಮೊಣಕಾಲು ನೋಡಿಕೊಂಡಳು, ಧೂಳು ಕೊಡವಿದಳು. ಆಮೇಲೆ ಏನೋ ನೆನಪಾದವಳಂತೆ, ಯಾರದೋ ಮನೆಯ ಕದ ಬಡಿಯುವ ಹಾಗೆ, ಬೆರಳು ಮಡಿಚಿ ತನ್ನ ಎದೆಯನ್ನು ಎರಡು ಸಲ ಬಡಿದಳು. ಕತ್ತು ಬಗ್ಗಿಸಿ ಕೇಳಿಸಿಕೊಂಡಳು.

"ಒಳಗಽ ಐತಿ!" ಎಂದು ಬಾಗಿಲಲ್ಲಿದ್ದ ಅಪ್ಪನಿಗೆ ಕೂಗಿ ಹೇಳಿ ಮತ್ತೆ ಓಡಿದಳು.

ಹುಚ್ಚೇಶನಿಗೆ ನಿಲ್ಲಲಾಗಲಿಲ್ಲ. ಒಳಗೆ ಬಂದು ಕುಣಿಯಲ್ಲಿ ಕಾಲು ಇಳಿಬಿಟ್ಟು ಕೂತ. ಖಾಲಿ ಜೋಲಿ ತೊಲೆಯಿಂದ ಇಳಿಬಿದ್ದಿತ್ತು. ಲಾಳಿ ಎಸೆದು, ತುಂಬಿದ ಉಸಿರಿಗಾಗಿ ಕಾದ. ಹಣಿಗೆ ಎಳೆದು, ಬಿಡುವ ಉಸಿರಿಗಾಗಿ ಕಾದ. ಕೈಗೆ ಈಗ ಅದೇ ರೂಢಿಯಾಗಿತ್ತು.

ಕಸ್ತೂರಿ ಬಾಗಿಲ ಹತ್ತಿರವೇ ಕಣ್ಣೊರೆಸಿಕೊಂಡು ನಿಂತವಳು, ಓಣಿಯ ಕಡೆಯಿಂದ ಮುಖ ತಿರುಗಿಸದೆ ಹೇಳಿದಳು:

"ಜೋರ ಹೊಡೀರಿ. ಈಗೇನ ಮಲಗಿಲ್ಲಕಿ, ಆಡಾಕತ್ತಾಳ."